ಮಾವನವರ ಭಾನುವಾರದ ಟೋಸ್ಟು

ನನ್ನ ಮದುವೆ ಕೂಡಿಬಂದದ್ದು ಮಲೇರಿಯಾದ ಕೃಪೆಯಿಂದ ಎಂದರೆ ಯಾರೂ ನಂಬುವುದಿಲ್ಲ. ಜಾತಕ ಕೂಡಿತ್ತು, ನಿಜ. ಹುಡುಗನಿಗೆ ಅರಸೀಕೆರೆಯ ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತಿಕೆ ಇತ್ತು, ಅದೂ ನಿಜ. ಆದರೆ ಜಾತಕವೂ ಕೂಡಿ ಗುಮಾಸ್ತಿಕೆಯೂ ಇದ್ದ ಇನ್ನೂ ಮೂವರು ಗಂಡುಗಳು ಬೇಲೂರಿನ ನಮ್ಮ ಮನೆಗೆ ಬಂದು, ಉಪ್ಪಿಟ್ಟು ತಿಂದು, ‘ಊರಿಗೆ ಹೋಗಿ ಕಾಗದ ಬರೀತೀವಿ’ ಎಂದು ಹೇಳಿ ಹೋಗಿದ್ದರು. ಅವರು ಇವತ್ತಿಗೂ ಬರೆದಿಲ್ಲ. ನಾಲ್ಕನೆಯದು ಗಟ್ಟಿಯಾಗಲು ಕಾರಣ ನನಗೆ ಹದಿನಾಲ್ಕನೆಯ ವಯಸ್ಸಿನಲ್ಲಿ ಬಂದಿದ್ದ ಮಲೇರಿಯಾ, ಮತ್ತು ನನ್ನನ್ನು ನೋಡಲು ಬಂದ ಭಾವೀ ಮಾವನವರು.

ಹೆಣ್ಣು ನೋಡಲು ಬಂದವರು ಏನು ಕೇಳುತ್ತಾರೆ? ‘ಒಂದು ದೇವರನಾಮ ಹೇಳಮ್ಮ’ ಎನ್ನುತ್ತಾರೆ, ‘ಎಷ್ಟನೇ ಕ್ಲಾಸು’ ಎನ್ನುತ್ತಾರೆ, ಸ್ವಲ್ಪ ಗಟ್ಟಿಗರಾದರೆ ‘ನಾಲ್ಕು ಹೆಜ್ಜೆ ನಡಿ’ ಎನ್ನುತ್ತಾರೆ. ನಾನು ಎರಡು ದೇವರನಾಮ ಕಲಿತು ಕೂತಿದ್ದೆ. ರೈಲ್ವೆಯ ಗೂಡ್ಸ್ ಆಫೀಸಿನಲ್ಲಿ ಇಪ್ಪತ್ತೆಂಟು ವರ್ಷ ದುಡಿದು ನಿವೃತ್ತರಾಗಿದ್ದ ಆ ಮನುಷ್ಯರು ಕನ್ನಡಕ ಒರೆಸಿಕೊಂಡು ನನ್ನನ್ನು ನೋಡಿ, ಬಹಳ ಗಂಭೀರವಾಗಿ ಕೇಳಿದರು:

“ಮಗು, ನೀನು ಬ್ರೆಡ್ಡು ಮುಟ್ಟುತ್ತೀಯಾ?”

ನಮ್ಮ ಅಪ್ಪ ದೇವಸ್ಥಾನದ ಅಡುಗೆಮನೆಯಲ್ಲಿ ದೇವರ ನೈವೇದ್ಯಕ್ಕೆ ಪೊಂಗಲು, ಪುಳಿಯೋಗರೆ ಮಾಡುವವರು. ನಮ್ಮ ಮನೆಯ ಹೊಸಿಲು ದಾಟಿ ಬ್ರೆಡ್ಡು ಒಳಗೆ ಬಂದಿದ್ದು ಒಂದೇ ಒಂದು ಸಲ, ಅದೂ ಡಾಕ್ಟರ ಅಪ್ಪಣೆಯಿಂದ. ಅಮ್ಮ ಅದನ್ನು ಇಕ್ಕಳದಲ್ಲಿ ಹಿಡಿದು ತಂದುಕೊಟ್ಟಿದ್ದಳು. ಸುಳ್ಳು ಹೇಳಲು ನನಗೆ ತೋಚಲಿಲ್ಲ.

“ಮಲೇರಿಯಾ ಬಂದಾಗ ತಿಂದಿದ್ದೆ” ಎಂದೆ.

“ಹೇಗಿತ್ತು?”

“ಚೆನ್ನಾಗಿತ್ತು.”

ಅಮ್ಮ ಒಳಗಿನಿಂದ ಕೆಮ್ಮಿದಳು. ಅಪ್ಪ ಮೇಲೆ ತೊಲೆ ನೋಡಿದರು. ಮಾವನವರು ಮಗನ ಕಡೆ ತಿರುಗಿ, “ಇನ್ನೇನು, ಮುಹೂರ್ತ ನೋಡಿಸೋಣ” ಎಂದರು. ಮಗನನ್ನು ಒಂದು ಮಾತು ಕೇಳಿದರೋ ಇಲ್ಲವೋ ನನಗೆ ಗೊತ್ತಿಲ್ಲ. ನನ್ನ ದೇವರನಾಮಗಳನ್ನಂತೂ ಯಾರೂ ಕೇಳಲಿಲ್ಲ.

ಅರಸೀಕೆರೆಗೆ ಹೋದ ಮೇಲೆ ಈ ಪ್ರಶ್ನೆಯ ಹಿಂದುಮುಂದು ತಿಳಿಯಿತು. ಮನೆಯಲ್ಲಿ ಇದ್ದವರು ಇಬ್ಬರೇ, ಅಪ್ಪ ಮತ್ತು ಮಗ. ನನ್ನ ಅತ್ತೆ ತೀರಿಕೊಂಡು ಹನ್ನೆರಡು ವರ್ಷವಾಗಿತ್ತು. ವಾರದ ಆರು ದಿನ ಮಾವನವರು ಎಲ್ಲರ ಹಾಗೇ ಇರುತ್ತಿದ್ದರು. ನಾನು ಮಾಡಿದ ಹುಳಿ ಅನ್ನ ಉಂಡು, ಪೇಪರು ಓದಿ, ಹಿತ್ತಲಿನ ಗುಲಾಬಿ ಗಿಡಗಳಿಗೆ ನೀರು ಹಾಕಿ, ಪ್ಯಾಸೆಂಜರ್ ರೈಲು ಎಷ್ಟು ನಿಮಿಷ ತಡವಾಯಿತು ಎಂದು ಮನೆಯಲ್ಲಿ ಕೂತೇ ಲೆಕ್ಕ ಹಾಕುತ್ತಿದ್ದರು. ಏಳನೆಯ ದಿನ ಮಾತ್ರ ಅವರನ್ನು ಹಿಡಿಯುವವರಿರಲಿಲ್ಲ. ಭಾನುವಾರ ಬೆಳಿಗ್ಗೆ ಫ್ರೆಂಚ್ ಟೋಸ್ಟು.

ನಮ್ಮ ಹೋಟೆಲುಗಳಲ್ಲಿ ಇದನ್ನು ಬಾಂಬೆ ಟೋಸ್ಟು ಎನ್ನುತ್ತಾರೆ. ಮಾವನವರ ಎದುರಿಗೆ ಹಾಗೆಂದರೆ ಮುಗಿಯಿತು. “ಬಾಂಬೆಯೋರಿಗೇನಮ್ಮ ಗೊತ್ತು ಇದು? ಇದು ನಮ್ಮ ಮನೆತನದ್ದು” ಎನ್ನುತ್ತಿದ್ದರು. ನಮ್ಮ ಮನೆತನದ್ದಾದರೆ ಫ್ರೆಂಚ್ ಯಾಕೆ ಎಂದು ಕೇಳುವ ಧೈರ್ಯ ಹೊಸ ಸೊಸೆಗೆ ಎಲ್ಲಿಂದ ಬರಬೇಕು?

ಈ ಕಾರ್ಯಕ್ರಮ ಬ್ರೆಡ್ಡು ತರುವುದರಿಂದಲೇ ಶುರುವಾಗುತ್ತಿತ್ತು. ಸ್ನಾನ ಮುಗಿಸಿ, ಒಗೆದ ಪಂಚೆ ಉಟ್ಟು, ಕೋಟು ತೊಟ್ಟು, ಮದುವೆಗೆ ಹೊರಟವರ ಹಾಗೆ ಸ್ಟೇಷನ್ ಎದುರಿನ ಬೇಕರಿಗೆ ಹೋಗುತ್ತಿದ್ದರು. ಬೇಕರಿಯವನು ಬಿಸಿಬಿಸಿ ಬ್ರೆಡ್ಡು ತೆಗೆದು ಕೊಟ್ಟರೆ ಇವರಿಗೆ ಸಿಟ್ಟು.

“ಇದು ಇವತ್ತಿಂದಲ್ಲವೇನಯ್ಯ?”

“ಇವತ್ತಿಂದೇ ಸ್ವಾಮಿ, ಈಗ್ತಾನೆ ತೆಗ್ದಿದ್ದು.”

“ಅದಕ್ಕೇ ಬೇಡ. ನೆನ್ನೇದು ಕೊಡು.”

ಊರಿನಲ್ಲಿ ಹಳೆಯ ಬ್ರೆಡ್ಡು ಕೇಳಿಕೊಂಡು ಬರುತ್ತಿದ್ದ ಗಿರಾಕಿ ಇವರೊಬ್ಬರೇ. ಬೇಕರಿಯವನು ಮೊದಲು ನಾಚಿಕೊಂಡ, ಆಮೇಲೆ ಶನಿವಾರವೇ ಒಂದನ್ನು ಇವರಿಗೆಂದು ಎತ್ತಿಡತೊಡಗಿದ. ಹೊಸ ಬ್ರೆಡ್ಡು ಹಾಲಿಗೆ ಹಾಕಿದರೆ ಕರಗಿ ಗಂಜಿಯಾಗುತ್ತದಂತೆ, ಒಂದು ದಿನ ಒಣಗಿದ್ದಾದರೆ ಹಾಲು ಕುಡಿದೂ ನಿಲ್ಲುತ್ತದಂತೆ.

ಬ್ರೆಡ್ಡು ಕೈಯಲ್ಲಿ ಹಿಡಿದು ಬರುವುದು ಆ ಕಾಲದಲ್ಲಿ ಸಣ್ಣ ಸಂಗತಿಯಲ್ಲ. ಬ್ರೆಡ್ಡು ಎಂದರೆ ಕಾಯಿಲೆ. ಯಾರಾದರೂ ಬ್ರೆಡ್ಡು ಹಿಡಿದು ಬೀದಿಯಲ್ಲಿ ನಡೆದರೆ ನಾಲ್ಕು ಮನೆಯವರು ಜಗುಲಿಗೆ ಬಂದು ‘ಯಾರಿಗೆ ಹುಷಾರಿಲ್ಲ?’ ಎಂದು ಕೇಳುತ್ತಿದ್ದರು. ನಮ್ಮ ಬೀದಿಯವರಿಗೆ ಮಾವನವರ ಭಾನುವಾರ ಅಭ್ಯಾಸವಾಗಿತ್ತು. ಆದರೆ ನಾನು ಬಂದ ಮೇಲೆ ಪಕ್ಕದ ಬೀದಿಯ ಹೆಂಗಸರಿಗೆ ಹೊಸ ಅನುಮಾನ ಹುಟ್ಟಿತು. ಮದುವೆಯಾಗಿ ತಿಂಗಳೂ ತುಂಬಿರಲಿಲ್ಲ, ಮೂವರು ಕಿತ್ತಳೆ ಹಣ್ಣು ಹಿಡಿದುಕೊಂಡು ನನ್ನನ್ನು ನೋಡಲು ಬಂದರು. ಒಬ್ಬರು ನನ್ನ ರೆಪ್ಪೆ ಎಳೆದು ನೋಡಿದರು. ಇನ್ನೊಬ್ಬರು ಮೆಲ್ಲಗೆ, “ವಾಂತಿ ಬೆಳಿಗ್ಗೆ ಹೊತ್ತೇನಾ?” ಎಂದರು. ನಾನು ಇಲ್ಲವೆಂದಷ್ಟೂ ಅವರಿಗೆ ನಂಬಿಕೆ ಬಲವಾಯಿತು. ಹಣ್ಣನ್ನು ಮಾವನವರು ಬಹಳ ಮೆಚ್ಚಿಕೊಂಡು ತಿಂದರು.

ಇಷ್ಟೆಲ್ಲ ತಮಾಷೆಯೇ. ತಮಾಷೆಯಲ್ಲದ್ದು ಆಮೇಲೆ ಬರುತ್ತಿತ್ತು. ಬ್ರೆಡ್ಡು ತಂದ ಮೇಲೆ ಮಾವನವರು ಕೋಟು ಕಳಚಿ, ಹಾಲಿನ ಪಾತ್ರೆ ತೆಗೆದುಕೊಂಡು ಅಡುಗೆಮನೆಗೆ ಹೋಗಿ ಬಾಗಿಲು ಹಾಕಿಕೊಳ್ಳುತ್ತಿದ್ದರು. ಒಳಗಿನಿಂದ ಚಿಲಕ! ಸೊಸೆಯನ್ನು ಹೊರಗಿಟ್ಟು ಮಾವ ಅಡುಗೆಮನೆಯಲ್ಲಿ ಚಿಲಕ ಹಾಕಿಕೊಂಡ ಮನೆ ಅರಸೀಕೆರೆಯಲ್ಲಿ ಇನ್ನೊಂದು ಇದ್ದಿರಲಾರದು. ಅರ್ಧ ಗಂಟೆ ಕಾವಲಿಯ ಚುಯ್ ಎನ್ನುವ ಸದ್ದು, ತುಪ್ಪದ ವಾಸನೆ. ಕೊನೆಗೆ ಬಾಗಿಲು ತೆರೆದು ತಟ್ಟೆಯೊಂದಿಗೆ ಹೊರಬರುತ್ತಿದ್ದರು. ಅಂಚು ಕೆಂಪಗೆ, ನಡುವೆ ಚಿನ್ನದ ಹಳದಿ, ಮುಟ್ಟಿದರೆ ಮೆತ್ತಗೆ, ಬಾಯಿಗಿಟ್ಟರೆ ಏಲಕ್ಕಿಯ ಪರಿಮಳ. ನಾನು ಮೊದಲ ದಿನವೇ ನಾಲ್ಕು ತಿಂದೆ.

ಮೂರನೆಯ ತಿಂಗಳಿನಲ್ಲಿ ನನಗೊಂದು ಯೋಚನೆ ಬಂತು. ಈ ಹಳದಿ ಎಲ್ಲಿಂದ ಬಂತು?

ಪಕ್ಕದ ಮನೆಯ ಎಂಜಿನ್ ಡ್ರೈವರ ಹೆಂಡತಿ ಒಂದು ದಿನ ಮಾತಿಗೆ ಮಾತು ಬಂದು, “ಸ್ಟೇಷನ್ನಿನ ಹೋಟ್ಲಲ್ಲಿ ದೊರೆಗಳಿಗೆ ಮಾಡ್ತಿದ್ರಲ್ಲಾ ಅದೇ ಟೋಸ್ಟ್ ಅಲ್ವೇನಮ್ಮ? ಮೊಟ್ಟೆ ಒಡೆದು ಹಾಲಿಗೆ ಹಾಕಿ, ಅದರಲ್ಲಿ ಬ್ರೆಡ್ ಅದ್ದೋದು” ಎಂದರು. ನನ್ನ ಕೈಯಲ್ಲಿದ್ದ ಮೊರ ಕೆಳಗೆ ಬಿತ್ತು. ಮೂರು ತಿಂಗಳು, ಹನ್ನೆರಡು ಭಾನುವಾರ, ಭಾನುವಾರಕ್ಕೆ ಕಡೇಪಕ್ಷ ಮೂರು. ದೇವರಿಗೆ ನೈವೇದ್ಯ ಬೇಯಿಸುವವರ ಮಗಳು ಎಷ್ಟು ಮೊಟ್ಟೆ ತಿಂದಿರಬಹುದು?

ಯಜಮಾನರನ್ನು ಕೇಳಿದೆ. ಅವರು ತಾಲ್ಲೂಕು ಕಚೇರಿಯಲ್ಲಿ ಮಾತು ಖರ್ಚು ಮಾಡಿ ಬಂದು ಮನೆಯಲ್ಲಿ ಉಳಿತಾಯ ಮಾಡುವವರು.

“ಅದರಲ್ಲಿ ಏನು ಹಾಕ್ತಾರೆ?”

“ಗೊತ್ತಿಲ್ಲ.”

“ಹನ್ನೆರಡು ವರ್ಷದಿಂದ ತಿಂತಾ ಇದೀರ, ಒಂದು ದಿನಾನೂ ಕೇಳಲಿಲ್ವ?”

“ಕೇಳಿದ್ದೆ. ಬಾಗಿಲು ಹಾಕ್ಕೊಂಡ್ರು.”

ಮಾವನವರನ್ನೇ ಕೇಳಬಹುದಿತ್ತು ಎಂದು ಈಗ ಅನಿಸುತ್ತದೆ. ಆಗ ನನಗೆ ಹತ್ತೊಂಬತ್ತು. ‘ನೀವು ನನಗೆ ಮೊಟ್ಟೆ ತಿನ್ನಿಸುತ್ತಿದ್ದೀರಾ?’ ಎಂದು ಮಾವನನ್ನು ಯಾವ ಬಾಯಲ್ಲಿ ಕೇಳುವುದು? ಅದಕ್ಕೆ ಪತ್ತೇದಾರಿಕೆ ಶುರುಮಾಡಿದೆ. ಅಡುಗೆಮನೆಯ ಕಸ ಕೆದಕಿದೆ, ಡಬ್ಬಗಳನ್ನು ಅಲ್ಲಾಡಿಸಿದೆ. ಏನೂ ಸಿಗಲಿಲ್ಲ. ಸಮಾಧಾನದಿಂದ ಹಿತ್ತಲಿಗೆ ಹೋಗಿ ಗುಲಾಬಿ ಗಿಡದ ಬುಡ ನೋಡಿದರೆ, ಮಣ್ಣಿನ ಮೇಲೆ ಬೆಳ್ಳಗೆ ಮೊಟ್ಟೆಯ ಚಿಪ್ಪಿನ ಚೂರು. ಒಂದಲ್ಲ, ಎರಡಲ್ಲ, ಪ್ರತಿ ಗಿಡಕ್ಕೂ ಒಂದೊಂದು ಹಿಡಿ.

ಅಂದಿನಿಂದ ಭಾನುವಾರ ಬಂದರೆ ಟೋಸ್ಟನ್ನು ಕೈಯಲ್ಲಿ ಹಿಡಿದು ‘ಆಮೇಲೆ ತಿಂತೀನಿ ಮಾವ’ ಎಂದು ಒಳಗೆ ಹೋಗಿ ಯಜಮಾನರ ತಟ್ಟೆಗೆ ಹಾಕುತ್ತಿದ್ದೆ. ಅವರು ಕೇಳದೆ ತಿನ್ನುತ್ತಿದ್ದರು. ಆ ವಿಷಯದಲ್ಲಿ ಅವರು ಬಹಳ ಸಹಕಾರಿ.

ಇಂಥ ಸ್ಥಿತಿಯಲ್ಲಿ ಬಂದದ್ದು ನನ್ನ ದೊಡ್ಡಮ್ಮ. ಅಮ್ಮನ ಅಕ್ಕ, ಬಾಣಾವರದವರು. ಬೇಲೂರಿಗೆ ತಂಗಿಯ ಮನೆಗೆ ಹೊರಟು, ಬಾಣಾವರದಲ್ಲಿ ರೈಲು ಹತ್ತಿ ಅರಸೀಕೆರೆಯಲ್ಲಿ ಇಳಿದು, ಬಸ್ಸಿಗೆ ಎರಡು ಗಂಟೆ ಇದೆಯೆಂದು ನಮ್ಮ ಮನೆಗೆ ಬಂದರು. ಬಂದದ್ದು ಭಾನುವಾರ ಬೆಳಿಗ್ಗೆ. ಚಿಲಕ ಹಾಕಿದ ಅಡುಗೆಮನೆ ನೋಡಿದರು. ಹೊರಬಂದ ಹಳದಿ ಟೋಸ್ಟು ನೋಡಿದರು. ಕೈ ತೊಳೆಯಲು ಹಿತ್ತಲಿಗೆ ಹೋದವರು ಗುಲಾಬಿಯ ಬುಡವನ್ನೂ ನೋಡಿದರು. ನನ್ನನ್ನು ಏನೂ ಕೇಳಲಿಲ್ಲ. “ನಮ್ಮಮ್ಮ, ನೀನು ಚೆನ್ನಾಗಿರು” ಎಂದು ತಲೆ ಸವರಿ, ಒಂದು ಲೋಟ ನೀರೂ ಕುಡಿಯದೆ ಬಸ್ಸು ಹತ್ತಿದರು.

ಬಸ್ಸು ಜಾವಗಲ್ಲಿನ ಮೇಲೆ, ಹಳೇಬೀಡಿನ ಮೇಲೆ ಬೇಲೂರಿಗೆ ಹೋಗುತ್ತದೆ. ಆಮೇಲೆ ನಮ್ಮ ಕಡೆಯ ಒಬ್ಬರು ಹೇಳಿದ ಪ್ರಕಾರ, ಜಾವಗಲ್ಲಿನಲ್ಲಿ ಅದು ಒಂದು ಮೊಟ್ಟೆಯಾಗಿತ್ತು. ಹಳೇಬೀಡಿನಲ್ಲಿ ಬಸ್ಸು ನಿಂತಾಗ ಒಂದು ಡಜನ್ ಆಯಿತು. ಬೇಲೂರು ಮುಟ್ಟುವ ಹೊತ್ತಿಗೆ ನಮ್ಮ ಹಿತ್ತಲಿನಲ್ಲಿ ಕೋಳಿಗಳು ಓಡಾಡುತ್ತಿದ್ದವು.

ಅದಾದ ಮೇಲೆ ತವರಿನಿಂದ ಕಾಗದ ನಿಂತಿತು. ಗೌರಿ ಹಬ್ಬ ಹತ್ತಿರ ಬರುತ್ತಿತ್ತು. ಮದುವೆಯಾದ ಮೊದಲ ಗೌರಿ. ಕರೆಯಲು ಕಾಗದ ಬರಬೇಕು, ಬಾಗಿನ ಬರಬೇಕು, ಸೀರೆ ಬರಬೇಕು. ಅಂಚೆಯವನು ದಿನವೂ ನಮ್ಮ ಮನೆ ದಾಟಿ ಹೋಗುತ್ತಿದ್ದ. ನಾನು ಬಾಗಿಲಲ್ಲಿ ನಿಂತಿರುವುದನ್ನು ನೋಡಿ ನೋಡಿ ಅವನಿಗೇ ಸಂಕಟವಾಗಿ, ಕೊನೆಗೆ ತಲೆ ತಗ್ಗಿಸಿಕೊಂಡು ಸೈಕಲ್ ತುಳಿಯತೊಡಗಿದ. ಅಮ್ಮನಿಗೆ ಎರಡು ಕಾಗದ ಬರೆದೆ. ಏನೆಂದು ಬರೆಯುವುದು? ‘ನಾನು ಮೊಟ್ಟೆ ತಿಂದಿಲ್ಲ’ ಎಂದು ಬರೆಯಲು ನನಗೇ ಖಾತ್ರಿಯಿರಲಿಲ್ಲ. ಕ್ಷೇಮ ಸಮಾಚಾರ ಬರೆದು ನಿಲ್ಲಿಸಿದೆ. ಒಂದು ಮಧ್ಯಾಹ್ನ ಬಚ್ಚಲಲ್ಲಿ ನೀರು ಬಿಟ್ಟುಕೊಂಡು ಸದ್ದು ಕೇಳಿಸದ ಹಾಗೆ ಅತ್ತುಬಿಟ್ಟೆ.

ಹಬ್ಬಕ್ಕೆ ನಾಲ್ಕು ದಿನವಿತ್ತು. ಭಾನುವಾರ. ಮಾವನವರು ಬ್ರೆಡ್ಡು ತಂದು ಕೋಟು ಕಳಚುತ್ತಿದ್ದಾಗ ಬಾಗಿಲಲ್ಲಿ ಅಪ್ಪ ನಿಂತಿದ್ದರು. ಮೊದಲ ಬಸ್ಸಿಗೆ ಬಂದಿದ್ದರು. ಧೂಳು ಮೆತ್ತಿದ ಕಾಲು, ಹೆಗಲಿನಲ್ಲಿ ಬಟ್ಟೆಯ ಚೀಲ. ನಾನು ನೀರು ತಂದು ಕಾಲಿಗೆ ಕೊಟ್ಟೆ, ತೊಳೆದುಕೊಂಡರು. ಕುಡಿಯಲು ಕೊಟ್ಟೆ.

“ಬೇಡ ಮಗು” ಎಂದರು.

ಅಷ್ಟು ದೂರದ ಬಸ್ಸಿನಿಂದ ಇಳಿದ ಮನುಷ್ಯ ಮಗಳ ಕೈಯ ನೀರು ಬೇಡವೆಂದರೆ ಅದರ ಅರ್ಥ ಏನೆಂದು ನನಗೆ ಗೊತ್ತಿತ್ತು. ಮಾವನವರಿಗೆ ಗೊತ್ತಾಗಲಿಲ್ಲ.

“ಯಾಕೆ ಬೀಗರೇ, ಬಿಸಿಲಲ್ಲಿ ಬಂದಿದೀರಿ. ನೀರು ಬೇಡ ಅಂದ್ರೆ ಕಾಫಿ ಆಗಲಿ.”

ಅಪ್ಪ ಚೀಲವನ್ನು ತೊಡೆಯ ಮೇಲೆ ಇಟ್ಟುಕೊಂಡು ಕೂತರು. ಜಗಳ ಆಡಿ ಗೊತ್ತಿಲ್ಲದ ಮನುಷ್ಯ. ಒಲೆಯ ಮುಂದೆ ಕೂತು ಕೂತು ಮಾತನ್ನೂ ಸಣ್ಣ ಉರಿಯಲ್ಲೇ ಬೇಯಿಸುವವರು.

“ಕೇಳಬಾರದು. ಆದ್ರೂ ಕೇಳದೆ ಇರೋ ಹಾಗಿಲ್ಲ” ಎಂದರು. “ನಾನು ದೇವರಿಗೆ ಅಡುಗೆ ಮಾಡೋನು. ಊರಲ್ಲಿ ಒಂದು ಮಾತು ಎದ್ದಿದೆ. ಜೊತೇಲಿ ಕೆಲಸ ಮಾಡೋರು ಬಾಯಿ ಬಿಟ್ಟು ಏನೂ ಅಂದಿಲ್ಲ, ಆದ್ರೆ ನಾನು ಒಳಗೆ ಹೋದ್ರೆ ಮಾತು ನಿಲ್ಲಿಸ್ತಾರೆ. ಹದಿನೈದು ದಿನದಿಂದ ನಾನೇ ಪಾತ್ರೆ ಮುಟ್ಟಿಲ್ಲ. ಈ ಮನೇಲಿ... ನನ್ನ ಮಗಳಿಗೆ... ಮೊಟ್ಟೆ...”

ನಾನು ಗೋಡೆಗೆ ಒತ್ತಿಕೊಂಡು ನಿಂತೆ. ಈಗ ಮಾವನವರು ಎದ್ದು ನಿಲ್ಲುತ್ತಾರೆ, ‘ನಿಮ್ಮ ಮಗಳನ್ನು ಕರೆದುಕೊಂಡು ಹೋಗಿ’ ಎನ್ನುತ್ತಾರೆ ಎಂದುಕೊಂಡೆ. ಅವರು ಎದ್ದು ನಿಂತದ್ದು ನಿಜ. ಮುಖ ಕೆಂಪಾದದ್ದೂ ನಿಜ.

“ಮೊಟ್ಟೆನಾ?” ಎಂದರು. “ಬೀಗರೇ, ಮೊಟ್ಟೆ ಹಾಕಿ ಮಾಡೋದು ಕೈಲಾಗದೋರು. ಮೊಟ್ಟೆ ಹಾಕಿದ್ರೆ ಯಾವನು ಬೇಕಾದ್ರೂ ಮಾಡ್ತಾನೆ.”

ಅವರಿಗೆ ನೋವಾಗಿದ್ದು ಆಚಾರದ ವಿಷಯಕ್ಕಲ್ಲ, ಪಾಕದ ವಿಷಯಕ್ಕೆ!

“ಮತ್ತೆ ಗುಲಾಬಿ ಬುಡದಲ್ಲಿ...” ನನ್ನ ಬಾಯಿಂದ ಮಾತು ತಾನಾಗಿ ಜಾರಿತು.

“ಅದು ಡ್ರೈವರ ಮನೇದು. ಅವರು ತಿಂದು ಬಿಸಾಕೋ ಚಿಪ್ಪು ಕೇಳಿ ಇಸ್ಕೊಂಡು ಪುಡಿ ಮಾಡಿ ಹಾಕ್ತೀನಿ. ತಿನ್ನೋದು ಗಿಡ, ನಾನಲ್ಲ.” ಆಮೇಲೆ ನನ್ನ ಮುಖವನ್ನೇ ನೋಡಿದರು. “ನಿನಗೂ ಈ ಅನುಮಾನ ಇತ್ತೇನಮ್ಮ? ಅದಕ್ಕೇನಾ ಎರಡು ತಿಂಗಳಿಂದ ಆಮೇಲೆ ತಿಂತೀನಿ, ಆಮೇಲೆ ತಿಂತೀನಿ ಅಂತಿದ್ದಿದ್ದು?”

ನಾನು ತಲೆ ತಗ್ಗಿಸಿದೆ. ಅವರು ಅಪ್ಪನ ಕೈ ಹಿಡಿದು, “ಬನ್ನಿ ಬೀಗರೇ. ನೀವು ಅಡುಗೆ ಬಲ್ಲೋರು. ಎದುರಿಗೇ ನಿಂತು ನೋಡಿ” ಎಂದು ಒಳಗೆ ಕರೆದುಕೊಂಡು ಹೋದರು. ಚಿಲಕ ಬಿತ್ತು. ಇಷ್ಟು ವರ್ಷ ಮಗನಿಗೂ ತೆರೆಯದ ಬಾಗಿಲು ಬೀಗರಿಗೆ ತೆರೆದಿತ್ತು. ನಾನು, ಯಜಮಾನರು ಹೊರಗೆ ನಿಂತೆವು.

ಮೊದಲು ಏನೂ ಕೇಳಿಸಲಿಲ್ಲ. ಆಮೇಲೆ ಕಾವಲಿಯ ಸದ್ದು. ಆಮೇಲೆ ಅಪ್ಪನ ದನಿ: “ಉರಿ ಜಾಸ್ತಿ ಆಯ್ತು.” ಮಾವನವರ ದನಿ: “ಆಗಿಲ್ಲ.” ಅಪ್ಪ: “ಆಯ್ತು ಸ್ವಾಮಿ, ತುಪ್ಪ ಹೊಗೆ ಬಿಡ್ತಾ ಇದೆ. ಎರಡು ಕೆಂಡ ಈಚೆಗೆ ಎಳೀರಿ.” ಮಾವನವರು ಏನೋ ಗೊಣಗಿದರು. ಕೆಂಡ ಎಳೆದ ಸದ್ದಾಯಿತು. ಸ್ವಲ್ಪ ಹೊತ್ತಿನ ಮೇಲೆ ಎರಡನೆಯ ಸುತ್ತಿಗೆ ಅಪ್ಪ ಜೋರಾಗಿ, “ಅಯ್ಯೋ, ತಣ್ಣನೆ ಹಾಲಲ್ಲಿ ಮೊದಲು ಕಲಸ್ಕೊಳಿ, ಇಲ್ದಿದ್ರೆ ಗಂಟಾಗುತ್ತೆ” ಎಂದರು. ಏನನ್ನು ಕಲಸಿಕೊಳ್ಳುವುದು? ನಾನು ಬಾಗಿಲಿಗೆ ಕಿವಿ ಕೊಟ್ಟೆ. ಯಜಮಾನರೂ ಕೊಟ್ಟರು. ಅಷ್ಟರಲ್ಲಿ ಇಬ್ಬರೂ ದನಿ ತಗ್ಗಿಸಿದರು. ನನ್ನ ಅಪ್ಪ ಜೋರಾಗಿ ನಕ್ಕದ್ದನ್ನು ನಾನು ಅದಕ್ಕೆ ಮೊದಲು ಕೇಳಿದ್ದು ಯಾವಾಗಲೋ ನೆನಪಿಲ್ಲ. ಅವತ್ತು ಬಾಗಿಲ ಆಚೆಯಿಂದ ಕೇಳಿದೆ.

ಬಾಗಿಲು ತೆರೆದಾಗ ಅಪ್ಪನ ಅಂಗೈಗೆ ಹಿಟ್ಟು ಮೆತ್ತಿತ್ತು. ಅವರು ಟೋಸ್ಟು ತಿನ್ನಲಿಲ್ಲ. ಬ್ರೆಡ್ಡು ಅವರಿಗೆ ಕೊನೆಯವರೆಗೂ ಆಗಲಿಲ್ಲ. ಆದರೆ ತಟ್ಟೆಯನ್ನು ಮೂಗಿನ ಹತ್ತಿರ ಹಿಡಿದು, ನೈವೇದ್ಯದ ಪಾತ್ರೆಯ ಆವಿ ನೋಡುವ ಹಾಗೆ ಕಣ್ಣು ಮುಚ್ಚಿ, “ಏಲಕ್ಕಿ ಇಷ್ಟೇ ಸಾಕು” ಎಂದು ತೀರ್ಪು ಕೊಟ್ಟರು. ಆಮೇಲೆ ನನ್ನ ಕಡೆ ನೋಡಿ, “ನೀರು ತೊಗೊಂಡು ಬಾ ಮಗು. ಬಾಯಾರಿದೆ” ಎಂದರು.

ಎರಡು ಚೊಂಬು ಕುಡಿದರು. ನನಗೆ ಕಣ್ಣೀರು ಬಂತು, ಅದನ್ನು ಹೊಗೆಯ ಲೆಕ್ಕಕ್ಕೆ ಹಾಕಿದೆ. ನೀರು ಕುಡಿದ ಮೇಲೆ ಚೀಲಕ್ಕೆ ಕೈ ಹಾಕಿದರು. ಮೇಲೆ ಅವರ ಪಂಚೆ, ಅದರ ಕೆಳಗೆ ಅಮ್ಮ ಕಳಿಸಿದ ಹಸಿರು ಸೀರೆ, ಅದರ ಮಡಿಕೆಯಲ್ಲಿ ಅರಿಸಿನ, ಕುಂಕುಮ, ಬಳೆ. ಮೊಟ್ಟೆಯ ವಿಚಾರಣೆಗೆ ಬಂದ ಮನುಷ್ಯ ಬಾಗಿನವನ್ನೂ ಕಟ್ಟಿಕೊಂಡೇ ಬಂದಿದ್ದರು. ವಿಚಾರಣೆ ಕೆಟ್ಟಿದ್ದರೆ ಅದನ್ನು ಹಾಗೇ ವಾಪಸು ಒಯ್ಯುತ್ತಿದ್ದರೋ, ಕೊಟ್ಟೇ ಹೋಗುತ್ತಿದ್ದರೋ ನಾನು ಯಾವತ್ತೂ ಕೇಳಲಿಲ್ಲ.

ಅವತ್ತೇ ಸಂಜೆಯ ಬಸ್ಸಿಗೆ ಅಪ್ಪನ ಜೊತೆ ಬೇಲೂರಿಗೆ ಹೊರಟೆ. ಹಳೇಬೀಡು ದಾಟಿದ ಮೇಲೆ ಮೆಲ್ಲಗೆ ಕೇಳಿದೆ.

“ಅಪ್ಪ, ಅದರಲ್ಲಿ ಏನೇನು ಹಾಕ್ತಾರೆ?”

“ಹೇಳಬಾರದು ಅಂತ ಮಾತು ಕೊಟ್ಟಿದೀನಿ.”

“ನನಗೂನಾ?”

“ನಿನಗೇ ಹೇಳಬಾರದು ಅಂತ. ಮೊಟ್ಟೆ ಇಲ್ಲ. ಧೈರ್ಯವಾಗಿ ತಿನ್ನು.”

ಮರುದಿನ ಅಪ್ಪ ದೇವಸ್ಥಾನದ ಅಡುಗೆಮನೆಗೆ ಹೋಗಿ ಪಾತ್ರೆ ಮುಟ್ಟಿದರು. ಜೊತೆಯವರು ಮಾತು ನಿಲ್ಲಿಸಲಿಲ್ಲ. ದೊಡ್ಡಮ್ಮನಿಗೆ ಮಾತ್ರ ಸ್ವಲ್ಪ ಬೇಸರವಾಯಿತು. ಅವರ ಕೋಳಿಗಳೆಲ್ಲ ಒಂದೇ ದಿನಕ್ಕೆ ಮಾಯವಾಗಿದ್ದವು. ಹಬ್ಬ ಮುಗಿಸಿ ಅರಸೀಕೆರೆಗೆ ಬಂದ ಮೊದಲ ಭಾನುವಾರ ನಾನು ಐದು ಟೋಸ್ಟು ತಿಂದೆ. ಮಾವನವರು ಆರನೆಯದನ್ನು ತಟ್ಟೆಗೆ ಹಾಕಿದರು.

ಹೀಗೆ ಐದಾರು ವರ್ಷ ಕಳೆಯಿತು. ಬಾಗಿಲಿನ ಚಿಲಕ ಹಾಗೇ ಇತ್ತು. ನಾನು ಕೇಳುವುದನ್ನು ಬಿಟ್ಟಿದ್ದೆ. ಮನೆಗೊಂದು ಗುಟ್ಟು ಇದ್ದರೆ ಇರಲಿ, ತಿನ್ನಲು ಸಿಕ್ಕರೆ ಸಾಕು ಎನ್ನುವಷ್ಟು ಬುದ್ಧಿ ಬಂದಿತ್ತು.

ಮಾವನವರ ಕಣ್ಣಿಗೆ ಪೊರೆ ಬಂತು. ಮೊದಲು ಪೇಪರು ದೂರ ಹಿಡಿದರು, ಆಮೇಲೆ ನಮ್ಮ ಕೈಲಿ ಓದಿಸಿದರು. ಒಂದು ಭಾನುವಾರ ತಟ್ಟೆಯಲ್ಲಿ ಬಂದ ಟೋಸ್ಟು ಒಂದು ಮಗ್ಗುಲು ಕರ್ರಗೆ ಸುಟ್ಟಿತ್ತು. ನಾವಿಬ್ಬರೂ ಏನೂ ಹೇಳದೆ ತಿಂದೆವು. ಅವರೂ ಒಂದು ತುಂಡು ಬಾಯಿಗಿಟ್ಟುಕೊಂಡು, ಅಗಿದು, ತಟ್ಟೆ ಕೆಳಗಿಟ್ಟು, “ಆಸ್ಪತ್ರೆಗೆ ಹೋಗೋಣ” ಎಂದರು. ಯಾರು ಎಷ್ಟು ಹೇಳಿದರೂ ಕೇಳದಿದ್ದವರು ಆ ಕರಕಿಗೆ ಸೋತರು.

ಹಾಸನದಲ್ಲಿ ಆಪರೇಷನ್ ಆಯಿತು. ಆ ಕಾಲದ ಪದ್ಧತಿಯ ಹಾಗೆ ಎರಡು ಕಣ್ಣಿಗೂ ಕಟ್ಟು. ತಲೆ ಅಲ್ಲಾಡಿಸಬಾರದು, ಕೆಮ್ಮಬಾರದು, ನಗಬಾರದು. ಮನೆಗೆ ಕರೆತಂದ ಮೇಲೂ ಎಷ್ಟೋ ದಿನ ಕಟ್ಟು ಹಾಗೇ ಇರಬೇಕಿತ್ತು. ರೈಲು ತಡವಾದದ್ದನ್ನು ಲೆಕ್ಕ ಹಾಕುತ್ತಿದ್ದವರು ಈಗ ರೈಲಿನ ಸದ್ದಾದರೂ ಕೇಳದವರ ಹಾಗೆ ಮಲಗಿರುತ್ತಿದ್ದರು. ಅನ್ನ ಕಲಸಿ ಕೊಟ್ಟರೆ ಎರಡು ತುತ್ತು, ಸಾಕು. ನಮಗೆ ಹೇಳಲಿಲ್ಲವೇ ಹೊರತು, ಕಟ್ಟು ಬಿಚ್ಚಿದಾಗಲೂ ಕತ್ತಲೆಯೇ ಇದ್ದರೆ ಏನು ಗತಿ ಎಂಬ ಭಯ ಅವರನ್ನು ಒಳಗೇ ತಿನ್ನುತ್ತಿತ್ತು. ನನಗೂ ಅದೇ ಭಯ. ಹಗಲೆಲ್ಲ ಅವರ ಮಂಚದ ಪಕ್ಕ, ಉಳಿದ ಹೊತ್ತು ಅಡುಗೆ, ಬಟ್ಟೆ, ನೀರು. ನನ್ನ ಊಟದ ಕಡೆ ಯಾರಿಗೂ ಗಮನವಿರಲಿಲ್ಲ, ನನಗೂ ಇರಲಿಲ್ಲ.

ಒಂದು ಭಾನುವಾರ ಅವರು ಬೆಳಗಿನಿಂದ ಏನೂ ಮುಟ್ಟಲಿಲ್ಲ. ನಾನು ಯಜಮಾನರನ್ನು ಬೇಕರಿಗೆ ಕಳಿಸಿ ಹಿಂದಿನ ದಿನದ ಬ್ರೆಡ್ಡು ತರಿಸಿದೆ. ಮಂಚದ ಹತ್ತಿರ ಹೋಗಿ, “ಮಾವ, ಬ್ರೆಡ್ ತಂದಿದೆ. ಹೇಗೆ ಮಾಡೋದು ಅಂತ ಹೇಳಿ. ನಾನು ಮಾಡ್ತೀನಿ” ಎಂದೆ.

ಅವರು ಹೊದಿಕೆಯ ಅಂಚನ್ನು ಮಡಿಸುತ್ತ ಬಿಚ್ಚುತ್ತ ಮಲಗಿದ್ದರು. ಗುಟ್ಟು ಬಿಡಲು ಮನಸ್ಸಿಲ್ಲವೇನೋ ಎಂದುಕೊಂಡೆ. ಕೊನೆಗೆ, “ಮಂಚ ಎಳೀರಿ. ಅಡುಗೆಮನೆ ಬಾಗಿಲ ಹತ್ತಿರಕ್ಕೆ” ಎಂದರು. ಯಜಮಾನರು ತಲೆಯ ಕಡೆ, ನಾನು ಕಾಲ ಕಡೆ ಹಿಡಿದು, ಅವರ ತಲೆ ಅಲುಗದ ಹಾಗೆ ಇಂಚಿಂಚೇ ಎಳೆದೆವು.

“ಹಾಲು ಕಾಯಿಸಿ ಅರ್ಧ ಬತ್ತಿಸು. ಸಕ್ಕರೆ ಹಾಕು. ಪಕ್ಕಕ್ಕಿಡು, ತಣ್ಣಗಾಗಲಿ. ಒಂದು ಚಮಚ ಕಡಲೆಹಿಟ್ಟು ಬೇರೆ ತಣ್ಣನೆ ಹಾಲಲ್ಲಿ ಕಲಸಿಕೋ, ಗಂಟು ಇರಬಾರದು. ಎರಡನ್ನೂ ಕೂಡಿಸು. ಏಲಕ್ಕಿ. ಚಿಟಿಕೆ ಉಪ್ಪು.”

“ಆಮೇಲೆ?”

“ಆಮೇಲೆ ಏನು, ಬ್ರೆಡ್ ಅದ್ದಿ ತುಪ್ಪದಲ್ಲಿ ಬೇಯಿಸೋದು.”

“ಇಷ್ಟೇನಾ ಮಾವ?”

“ಇಷ್ಟೇ.”

ಹಳದಿ ಕಡಲೆಹಿಟ್ಟಿನದು. ಇಷ್ಟಕ್ಕೆ ಚಿಲಕ, ಇಷ್ಟಕ್ಕೆ ಬೇಲೂರಿನಿಂದ ವಿಚಾರಣೆ. ನನಗೆ ನಗು ಬಂತು. “ಇದಕ್ಕೆ ಬಾಗಿಲು ಯಾಕೆ ಹಾಕ್ಕೋತಿದ್ರಿ?” ಎಂದು ಕೇಳಿಯೇಬಿಟ್ಟೆ.

ಅವರು ಕಟ್ಟಿದ ಕಣ್ಣುಗಳನ್ನು ಮೇಲಕ್ಕೆ ಮಾಡಿ ಮಲಗಿಯೇ ಹೇಳಿದರು.

“ನಿಮ್ಮತ್ತೆಗೆ ಟೈಫಾಯಿಡ್ ಆಗಿತ್ತು. ಡಾಕ್ಟರು ಬ್ರೆಡ್ ಕೊಡಿ ಅಂದಿದ್ರು, ತರ್ತಿದ್ದೆ. ಅವಳಿಗೆ ಸೇರ್ತಿರಲಿಲ್ಲ, ಉಳೀತಿತ್ತು. ನನಗೆ ಒಲೆ ಹಚ್ಚೋಕೂ ಬರ್ತಿರಲಿಲ್ಲ ಕಣಮ್ಮ. ಮಾಡಿದ ಅನ್ನ ಒಂದೋ ಅಕ್ಕಿ, ಇಲ್ಲ ಗಂಜಿ. ಇವನು ಸಣ್ಣೋನು, ತಟ್ಟೆ ತಳ್ಳಿ ಅಳೋನು. ಒಂದು ಭಾನುವಾರ ಅವಳು, ಮಂಚ ಇಲ್ಲಿಗೆ ಎಳೀರಿ ಅಂದಳು. ಮಲಗಿದ ಕಡೆಯಿಂದಲೇ ಹೇಳ್ತಾ ಹೋದಳು. ಹಾಲು ಬತ್ತಿಸಿ, ಹಿಟ್ಟು ಕಲಸಿ, ಉರಿ ಇಳಿಸಿ, ಈಗ ತಿರುವಿ ಅಂತ. ನಾನು ಮಾಡ್ತಾ ಹೋದೆ. ಇವನು ತಟ್ಟೆ ನೆಕ್ಕಿದ. ಅವಳು ನಕ್ಕಳು.”

ಕೈಯನ್ನು ಅಡುಗೆಮನೆಯ ಬಾಗಿಲ ಕಡೆ ಚಾಚಿದರು.

“ಬಾಗಿಲು ತೆಗೆದಿದ್ರೆ ಬೀದಿ ಮಾತೆಲ್ಲ ಒಳಗೆ ಬರುತ್ತೆ. ಅವಳು ಹೇಳಿದ್ದು ಸರಿಯಾಗಿ ಕೇಳಿಸಲ್ಲ.”

ಯಜಮಾನರು ಎದ್ದು ಹಿತ್ತಲಿಗೆ ಹೋದರು. ನಾನು ಕಾವಲಿಯ ಮೇಲಿನ ಬ್ರೆಡ್ಡನ್ನೇ ನೋಡುತ್ತ ನಿಂತೆ. ಮಂಚದಿಂದ, “ವಾಸನೆ ಬಂತು, ತಿರುವಮ್ಮ” ಎಂದರು. ತಿರುವಿದೆ. ಸರಿಯಾಗಿ ಕೆಂಪಗೆ ಬಂದಿತ್ತು. ಅವತ್ತು ಅವರು ಎರಡೂವರೆ ಟೋಸ್ಟು ತಿಂದರು. ಉಳಿದರ್ಧವನ್ನು ನನಗೆ ಕೊಟ್ಟು, “ಹಿಟ್ಟು ಒಂದು ಚೂರು ಹೆಚ್ಚಾಯ್ತು” ಎಂದರು. ಅವರು ತಪ್ಪು ಹುಡುಕಿದ್ದು ಕೇಳಿ ನನಗೆ ಎಷ್ಟೋ ದಿನದ ಮೇಲೆ ಉಸಿರು ಸರಾಗವಾಗಿ ಬಂತು.

ಕಟ್ಟು ಬಿಚ್ಚುವ ದಿನ ಹಾಸನಕ್ಕೆ ನಾವು ಮೂವರೂ ಹೋದೆವು. ಡಾಕ್ಟರು ಕಿಟಕಿಗೆ ಪರದೆ ಎಳೆದು, ಸುತ್ತು ಸುತ್ತಾಗಿ ಬಟ್ಟೆ ತೆಗೆದು, ಹತ್ತಿಯಿಂದ ರೆಪ್ಪೆ ಒರೆಸಿ, “ಮೆಲ್ಲಗೆ ಕಣ್ಣು ಬಿಡಿ” ಎಂದರು. ಬಿಟ್ಟರು. “ಏನು ಕಾಣುತ್ತೆ?” ಎಂದರೆ, “ಮಂಜು” ಎಂದರು. ಯಜಮಾನರು ನನ್ನ ತೋಳು ಹಿಡಿದುಕೊಂಡರು. ಡಾಕ್ಟರು ನಗುತ್ತ ಒಂದು ದಪ್ಪ ಗಾಜು ತೆಗೆದು ಅವರ ಕಣ್ಣಿನ ಮುಂದೆ ಹಿಡಿದು, “ಈಗ ನೋಡಿ” ಎಂದರು.

ಮಾವನವರ ಕಣ್ಣು ಗಾಜಿನ ಹಿಂದೆ ದೊಡ್ಡದಾಗಿ ಕಂಡಿತು. ಅದು ಡಾಕ್ಟರ ಮೇಲೆ ಹರಿಯಿತು, ಮಗನ ಮೇಲೆ ಹರಿಯಿತು, ನನ್ನ ಮೇಲೆ ಬಂದು ನಿಂತಿತು. ಅವರು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. ಡಾಕ್ಟರು ಬೆರಳು ಎತ್ತಿ ‘ಇದೆಷ್ಟು’ ಎಂದು ಕೇಳುತ್ತಿದ್ದುದು ಅವರ ಕಿವಿಗೆ ಬೀಳಲೇ ಇಲ್ಲ.

“ಯಾಕಮ್ಮ ಇಷ್ಟು ಸೊರಗಿದೀಯ?” ಎಂದರು. “ಇಷ್ಟು ದಿನ ನೀನು ಊಟಾನೇ ಮಾಡ್ತಿರಲಿಲ್ವ?”